ಟ್ರಂಕು ಗುಜರಿಗೆ ಹೋಗುವ ಮೊದಲು: ಜಾದೂ ಕಲಾವಿದರ ಇತಿಹಾಸ ಉಳಿಸುವ ಸಮಗ್ರ ಮಾರ್ಗದರ್ಶಿ

ಜಾದೂಗಾರರೊಬ್ಬರು ತೀರಿಕೊಂಡ ಮೇಲೆ ಅವರ ಮನೆಯಲ್ಲಿ ಉಳಿಯುವುದು ಸಾಮಾನ್ಯವಾಗಿ ಒಂದೆರಡು ಟ್ರಂಕು. ಮುಚ್ಚಳ ತೆಗೆದರೆ ಬಣ್ಣ ಮಾಸಿದ ರೇಷ್ಮೆ ಕರವಸ್ತ್ರಗಳು, ಎರಡು ತಳ ಇರುವ ಡಬ್ಬಿ, ಒಂದಷ್ಟು ಬಳೆಗಳು, ಮಡಚಿ ಮಡಚಿ ಹರಿದ ಪೋಸ್ಟರ್. ಯಾವುದು ಏನು ಅಂತ ಮನೆಯವರಿಗೆ ಗೊತ್ತಿರುವುದಿಲ್ಲ. ಗೊತ್ತಾಗದ ಹಾಗೆ ನೋಡಿಕೊಳ್ಳುವುದೇ ಆ ಮನುಷ್ಯರ ಕಸುಬಾಗಿತ್ತಲ್ಲ! ಹಾಗಾಗಿ ಮನೆ ಖಾಲಿ ಮಾಡುವ ದಿನ ಟ್ರಂಕು ಗುಜರಿಗೆ ಹೋಗುತ್ತದೆ.

ಬೇರೆ ಯಾವ ಕಲೆಗೂ ಈ ಕಷ್ಟ ಇಷ್ಟು ಜಾಸ್ತಿ ಇಲ್ಲ. ಹಾಡುಗಾರರ ಹಾಡು ಶಿಷ್ಯರ ಬಾಯಲ್ಲಿರುತ್ತದೆ. ನಾಟಕದವರ ಮಾತು ಪುಸ್ತಕದಲ್ಲಿರುತ್ತದೆ. ಜಾದೂಗಾರರು ಮಾತ್ರ ತಮ್ಮ ಜಾಡನ್ನು ತಾವೇ ಅಳಿಸುತ್ತಾ ಹೋಗುತ್ತಾರೆ. ವಿಯೆನ್ನಾದ ಯೋಹಾನ್ ಹೋಫ್‌ಜಿನ್ಸರ್ ಇಸ್ಪೀಟಿನ ಜಾದೂಗೆ ಹೊಸ ದಾರಿ ತೋರಿಸಿದವರು. 1875ರಲ್ಲಿ ತೀರಿಕೊಂಡರು. ಅವರ ಇಚ್ಛೆಯಂತೆ ಹೆಂಡತಿಯೇ ಟಿಪ್ಪಣಿಗಳನ್ನೆಲ್ಲ ಸುಟ್ಟುಬಿಟ್ಟರು ಎನ್ನುತ್ತಾರೆ. ಮುಂದೆ ಒಟೊಕಾರ್ ಫಿಶರ್ ಎಂಬವರು ಶಿಷ್ಯರ ಹತ್ತಿರ ಉಳಿದಿದ್ದನ್ನು ಹುಡುಕಿ, ಕೂಡಿಸಿ, 1910ರಲ್ಲಿ ಪುಸ್ತಕ ಮಾಡಿದರು. ಇವತ್ತು ಹೋಫ್‌ಜಿನ್ಸರ್ ಬಗ್ಗೆ ಜಗತ್ತಿಗೆ ಗೊತ್ತಿರುವುದರಲ್ಲಿ ಬಹುಪಾಲು ಆ ಒಬ್ಬ ಮನುಷ್ಯನ ಹಟದಿಂದ ಬಂದದ್ದು.

ಕೆಲಸ ಶುರು ಮಾಡುವ ಮೊದಲು ಒಂದು ಮಾತು ಮನಸ್ಸಿನಲ್ಲಿಡಿ. ಗುಟ್ಟು ಹೇಗೋ ಉಳಿದುಕೊಳ್ಳುತ್ತದೆ, ಆಟ ಉಳಿಯುವುದಿಲ್ಲ. 1921ರ ಜನವರಿಯಲ್ಲಿ ಲಂಡನ್ನಿನ ಫಿನ್ಸ್‌ಬರಿ ಪಾರ್ಕ್ ಎಂಪೈರ್‌ನಲ್ಲಿ ಪಿ. ಟಿ. ಸೆಲ್ಬಿಟ್ ಪೆಟ್ಟಿಗೆಯೊಳಗಿನ ಹೆಂಗಸನ್ನು ಗರಗಸದಿಂದ ಎರಡು ಭಾಗ ಮಾಡುವ ಐಟಂ ತೋರಿಸಿದರು. ಅದರ ತಂತ್ರ ಇವತ್ತು ಬೇಕೆಂದವರಿಗೆಲ್ಲ ಸಿಗುತ್ತದೆ. ಆದರೆ ಗರಗಸ ಆಡುವಾಗ ಅವರು ಎಲ್ಲಿ ನಿಲ್ಲಿಸಿದರು? ಆಗ ಸಭೆಯಲ್ಲಿ ಯಾರಾದರೂ ಉಸಿರು ಬಿಟ್ಟರಾ? ಪೆಟ್ಟಿಗೆಯೊಳಗೆ ಮಲಗಿದ್ದ ಬೆಟ್ಟಿ ಬಾರ್ಕರ್‌ಗೆ ಆ ಹೊತ್ತಿನಲ್ಲಿ ಏನನ್ನಿಸುತ್ತಿತ್ತು? ನಾವು ಉಳಿಸಬೇಕಾದದ್ದು ಇದನ್ನು. ಈ ಮಾರ್ಗದರ್ಶಿಯ ಹೆಜ್ಜೆಗಳ ಕ್ರಮವೂ ಬಹುಮಟ್ಟಿಗೆ ಅದಕ್ಕೇ ಹೀಗಿದೆ. ಯಾವುದು ಮೊದಲು ಕಳೆದುಹೋಗುತ್ತದೋ ಅದನ್ನು ಮೊದಲು ಹಿಡಿಯಬೇಕು.

ಹೆಜ್ಜೆ 1: ಒಬ್ಬರನ್ನು ಆರಿಸಿಕೊಳ್ಳಿ

"ಜಾದೂ ಇತಿಹಾಸ ಬರೆಯುತ್ತೇನೆ" ಎಂದು ಹೊರಟರೆ ಕೆಲಸ ಮುಗಿಯುವುದೇ ಇಲ್ಲ. ಒಬ್ಬ ಕಲಾವಿದರು, ಇಲ್ಲವೇ ಒಂದು ತಂಡ, ಅಷ್ಟು ಸಾಕು. ತುಂಬಾ ಹೆಸರಾದವರನ್ನು ಬಿಡಿ. ಅವರನ್ನು ನೋಡಿಕೊಳ್ಳುವವರು ಇದ್ದಾರೆ. ಶಾಲೆಗಳಲ್ಲಿ, ಮದುವೆಗಳಲ್ಲಿ, ಸರ್ಕಸ್ ಡೇರೆಗಳಲ್ಲಿ ಮೂವತ್ತು ನಲವತ್ತು ವರ್ಷ ಶೋ ಕೊಟ್ಟು, ಒಂದು ಪುಸ್ತಕದಲ್ಲೂ ಹೆಸರು ಬಾರದವರನ್ನು ಹುಡುಕಿ.

ಆಮೇಲೆ ಒಂದು ಹಾಳೆಯ ನಡುವೆ ಅವರ ಹೆಸರು ಬರೆದು, ಸುತ್ತ ಅವರ ಜೊತೆಗಿದ್ದವರ ಹೆಸರು ತುಂಬಿಸುತ್ತಾ ಹೋಗಿ. ಅಸಿಸ್ಟೆಂಟ್‌ಗಳು, ಪೆಟ್ಟಿಗೆ ಮಾಡಿಕೊಟ್ಟ ಬಡಗಿ, ಒಳಜೇಬು ಹೊಲಿದ ದರ್ಜಿ, ವಾದ್ಯದವರು, ಲೈಟಿನವರು, ವ್ಯಾನ್ ಓಡಿಸಿದವರು, ಶೋ ಗೊತ್ತು ಮಾಡುತ್ತಿದ್ದ ಏಜೆಂಟ್, ಪೋಸ್ಟರ್ ಅಚ್ಚು ಹಾಕಿದವರು. ಈ ಹಾಳೆಯೇ ಮುಂದೆ ನಿಮಗೆ ನಕ್ಷೆ.

ಹೆಂಗಸರ ಹೆಸರುಗಳನ್ನು ಎರಡು ಸಲ ನೋಡಿ. ಪೋಸ್ಟರ್‌ನಲ್ಲಿ "ಮತ್ತು ತಂಡ" ಎಂಬ ಎರಡು ಪದದೊಳಗೆ ಮುಚ್ಚಿಹೋದವರು ಸಾಮಾನ್ಯವಾಗಿ ಅವರೇ. ಅಡಿಲೇಡ್ ಹರ್ಮನ್ ಕಥೆ ಕೇಳಿ. ಗಂಡ ಅಲೆಕ್ಸಾಂಡರ್ ಹರ್ಮನ್ 1896ರಲ್ಲಿ ತೀರಿಕೊಂಡಾಗ ಇಡೀ ಶೋವನ್ನು ಅವರು ತಮ್ಮ ಹೆಗಲಿಗೆ ತೆಗೆದುಕೊಂಡರು. ಮುಂದೆ ಸುಮಾರು ಮೂವತ್ತು ವರ್ಷ ತಮ್ಮದೇ ಹೆಸರಿನಲ್ಲಿ ಸ್ಟೇಜಿನ ಮೇಲಿದ್ದರು. 1926ರಲ್ಲಿ ನ್ಯೂಯಾರ್ಕಿನ ಗೋದಾಮಿಗೆ ಬೆಂಕಿ ಬಿದ್ದು ಸಾಮಾನು ಸುಟ್ಟುಹೋಯಿತು, ಅವರು ಸಾಕಿದ್ದ ಪ್ರಾಣಿಗಳೂ ಸತ್ತವು. ಅವರು ಬರೆದಿಟ್ಟಿದ್ದ ಆತ್ಮಕಥೆ ಪುಸ್ತಕವಾಗಿ ಬಂದದ್ದು 2012ರಲ್ಲಿ, ಅವರು ತೀರಿಕೊಂಡು 80 ವರ್ಷ ಆದ ಮೇಲೆ. ಆ ಹಸ್ತಪ್ರತಿಯನ್ನು ಯಾರೋ ಎಸೆಯದೆ ಇಟ್ಟುಕೊಂಡಿದ್ದರು, ಅಷ್ಟೇ. ಅದಿಲ್ಲದಿದ್ದರೆ ಅವರು ಇವತ್ತಿಗೂ ಬರೀ "ಹರ್ಮನ್‌ರ ಹೆಂಡತಿ".

ಹೆಜ್ಜೆ 2: ಬದುಕಿರುವವರ ಹತ್ತಿರ ಮೊದಲು ಹೋಗಿ

ಕಾಗದ ಇನ್ನೂ ಹತ್ತು ವರ್ಷ ಇರುತ್ತದೆ. ಎಂಬತ್ತು ದಾಟಿದವರ ನೆನಪು ಅಷ್ಟು ಕಾಯುವುದಿಲ್ಲ. ಹಾಗಾಗಿ ಸ್ಕ್ಯಾನರ್ ಕೊಳ್ಳುವ ಮೊದಲು ಮಾತಿಗೆ ಕೂರಿ.

ಮೊದಲ ಭೇಟಿಯಲ್ಲಿ ರೆಕಾರ್ಡರ್ ತೆಗೆಯಬೇಡಿ. ಯಾಕೆ ಬಂದಿದ್ದೀರಿ, ರೆಕಾರ್ಡಿಂಗ್ ಏನಾಗುತ್ತದೆ, ಯಾರು ಕೇಳುತ್ತಾರೆ ಎಂದು ಬಿಡಿಸಿ ಹೇಳಿ. ಒಪ್ಪಿಗೆಯನ್ನು ಒಂದು ಪುಟದಲ್ಲಿ, ಅವರಿಗೆ ಅರ್ಥವಾಗುವ ಮಾತಿನಲ್ಲಿ ಬರೆದು ಸಹಿ ಹಾಕಿಸಿಕೊಳ್ಳಿ. ಬೇಡ ಎನ್ನಿಸಿದರೆ ಯಾವಾಗ ಬೇಕಾದರೂ ಯಾವ ಭಾಗವನ್ನಾದರೂ ತೆಗೆಸಬಹುದು ಎಂಬ ಸಾಲು ಅದರಲ್ಲಿ ಇರಲೇಬೇಕು. ಈ ಕಸುಬಿನವರಿಗೆ ಆ ಸಾಲು ತುಂಬಾ ಮುಖ್ಯ.

ರೆಕಾರ್ಡಿಂಗ್‌ಗೆ ದುಬಾರಿ ಸಾಧನ ಬೇಕಿಲ್ಲ. ಫೋನ್ ಸಾಕು, ಆದರೆ ಅಂಗಿಗೆ ಸಿಕ್ಕಿಸುವ ಸಣ್ಣ ಮೈಕ್ ಒಂದಿರಲಿ. ಫ್ಯಾನ್ ನಿಲ್ಲಿಸಿ. ಫೈಲು ದನಿಯನ್ನು ಕುಗ್ಗಿಸುವ ಎಂಪಿ3 ಆಗಿರದೆ, ಕುಗ್ಗಿಸದ ವೇವ್ (WAV) ಆಗಿರಲಿ, 48 ಕಿಲೋಹರ್ಟ್ಜ್, 24 ಬಿಟ್. ಸಾಧ್ಯವಾದರೆ ವಿಡಿಯೋನೂ ಮಾಡಿ, ಮತ್ತು ಕ್ಯಾಮೆರಾ ಮುಖದ ಮೇಲೆ ಮಾತ್ರ ಇಡಬೇಡಿ. ಜಾದೂಗಾರರ ಮಾತು ಅರ್ಧ ಕೈಯಲ್ಲಿರುತ್ತದೆ.

ಅದನ್ನು ನಾನು ಕಲಿತದ್ದು ಒಬ್ಬ ಹಿರಿಯರ ಮುಂದೆ ಕೂತಾಗ. ಎರಡು ತಾಸು ಕೇಳಿದೆ. ಏನು ಕೇಳಿದರೂ "ಅದೆಲ್ಲ ಮರೆತುಹೋಯ್ತಪ್ಪಾ" ಎನ್ನುತ್ತಿದ್ದರು. ಕೊನೆಗೆ ಅವರದೇ ಹಳೆಯ ಬಳೆಗಳನ್ನು, ಒಂದಕ್ಕೊಂದು ಕೊಂಡಿಯಾಗುವ ಐಟಮ್ಮಿನ ಬಳೆಗಳನ್ನು, ಅವರ ಕೈಗಿಟ್ಟೆ. ಸ್ವಲ್ಪ ಹೊತ್ತು ಸುಮ್ನೆ ತೂಕ ನೋಡಿದರು. ಆಮೇಲೆ ಹೆಬ್ಬೆರಳು ತಾನಾಗಿ ತನ್ನ ಜಾಗಕ್ಕೆ ಹೋಗಿ ಕೂತಿತು. ಬೆನ್ನು ನೆಟ್ಟಗಾಯಿತು. ದನಿಯೇ ಬೇರೆಯಾಯಿತು. ನಲವತ್ತು ವರ್ಷದ ಹಿಂದಿನ ಮಾತುಗಾರಿಕೆ ಒಂದೂ ತಪ್ಪದೆ ಬಂತು. ಮೂರನೇ ಬಳೆಯ ಹೊತ್ತಿಗೆ ಮಾತು ನಿಲ್ಲಿಸಿ ಪಕ್ಕಕ್ಕೆ ತಿರುಗಿ ನೋಡಿದರು. ಅಲ್ಲಿ ಗೋಡೆ ಇತ್ತು. "ಇಲ್ಲಿ ಡ್ರಮ್ಮಿನವನ ಕಡೆ ನೋಡ್ತಿದ್ದೆ. ಅವನು ಒಂದು ಪೆಟ್ಟು ಕೊಡೋವರೆಗೂ ಬಳೆ ಬಿಡ್ತಿರಲಿಲ್ಲ" ಎಂದರು. ಎರಡು ತಾಸಿನ ಪ್ರಶ್ನೆಯಿಂದ ಸಿಗದ್ದು ಹತ್ತು ನಿಮಿಷದಲ್ಲಿ ಸಿಕ್ಕಿತು.

ಅಂದಿನಿಂದ ನಾನು ಬರಿಗೈಯಲ್ಲಿ ಹೋಗುವುದಿಲ್ಲ. ಅವರ ಸಾಮಾನು ಸಿಕ್ಕರೆ ಅದು, ಇಲ್ಲದಿದ್ದರೆ ಒಂದು ಹಗ್ಗ, ಒಂದು ಇಸ್ಪೀಟು ಕಟ್ಟು, ಹಳೆಯ ಫೋಟೋ, ಏನಾದರೂ ಕೈಗೆ ಕೊಡಲು ಇರಲಿ.

ಪ್ರಶ್ನೆಗಳನ್ನು ತಂತ್ರದಿಂದ ಶುರು ಮಾಡಲೇಬೇಡಿ. ಬಾಗಿಲು ಅಲ್ಲೇ ಮುಚ್ಚಿಕೊಳ್ಳುತ್ತದೆ. ಮೊದಲು ನೋಡಿದ ಜಾದೂ ಯಾವುದು, ಕಲಿಸಿದವರು ಯಾರು, ಕಲಿಯಲು ಏನು ಕೊಡಬೇಕಾಯಿತು, ಮನೆಯವರು ಏನೆಂದರು ಎಂದು ಕೇಳಿ. ಶೋ ದಿನ ಬೆಳಿಗ್ಗೆಯಿಂದ ರಾತ್ರಿವರೆಗೆ ಏನೇನು ನಡೆಯುತ್ತಿತ್ತು ಎಂದು ಕೇಳಿ. ಯಾವ ಐಟಂ ಮೊದಲು, ಯಾವುದು ಕೊನೆಗೆ, ಆ ಕ್ರಮ ಯಾಕೆ? ಯಾವ ಸಲ ಕೈಕೊಟ್ಟಿತು, ಆಗ ಹೇಗೆ ಸಂಭಾಳಿಸಿದಿರಿ? ಈ ಕೊನೆಯ ಪ್ರಶ್ನೆಗೆ ಬರುವ ಉತ್ತರದಲ್ಲಿ ಆ ಕಲಾವಿದರ ನಿಜವಾದ ಶಕ್ತಿ ಕಾಣಿಸುತ್ತದೆ. ಉತ್ತರ ಬಂದ ಮೇಲೆ ಐದು ಸೆಕೆಂಡ್ ಸುಮ್ಮನಿರಿ. ಒಳ್ಳೆಯ ಮಾತು ಆ ಮೌನದ ನಂತರವೇ ಬರುತ್ತದೆ.

ಅಸಿಸ್ಟೆಂಟ್‌ಗಳನ್ನು ಬೇರೆಯಾಗಿ, ಬೇರೆ ದಿನ ಮಾತಾಡಿಸಿ. ಒಂದೇ ಕೋಣೆಯಲ್ಲಿ ಕೂರಿಸಿದರೆ ಅವರು ಗೌರವಕ್ಕೆ ಸುಮ್ಮನಾಗಿಬಿಡುತ್ತಾರೆ. ಪೆಟ್ಟಿಗೆಯೊಳಗೆ ಎಷ್ಟು ಸೆಖೆ, ಎಷ್ಟು ಕತ್ತಲೆ, ಎಷ್ಟು ಎಣಿಸಿದ ಮೇಲೆ ಹೊರಬರಬೇಕಿತ್ತು ಎನ್ನುವುದು ಅವರಿಗೆ ಮಾತ್ರ ಗೊತ್ತು.

ಮನೆಗೆ ಬಂದ ದಿನವೇ ಟಿಪ್ಪಣಿ ಬರೆಯಿರಿ. ಕೇಳಿದ ಊರು, ಹೆಸರು, ಕಸುಬಿನ ಪದಗಳ ಪಟ್ಟಿ ಮಾಡಿ. ಆ ಪದಗಳು ಬಹಳ ಸಲ ಯಾವ ನಿಘಂಟಿನಲ್ಲೂ ಇರುವುದಿಲ್ಲ.

ಹೆಜ್ಜೆ 3: ಗುಟ್ಟನ್ನು ಏನು ಮಾಡುವುದು?

ಎಲ್ಲರೂ ಎಡವುವುದು ಇಲ್ಲಿ. ಎಲ್ಲ ತಂತ್ರವನ್ನೂ ಬಯಲು ಮಾಡಿದರೆ ನಂಬಿ ಹೇಳಿದವರಿಗೆ ದ್ರೋಹ. ಏನೂ ಬರೆದಿಡದಿದ್ದರೆ ಕಲೆಯೇ ಹೋಗುತ್ತದೆ. ಲಂಡನ್ನಿನಲ್ಲಿ 1905ರಲ್ಲಿ ಶುರುವಾದ ಮ್ಯಾಜಿಕ್ ಸರ್ಕಲ್ ಸಂಘ, ಗುಟ್ಟು ಬಿಟ್ಟುಕೊಡುವುದಿಲ್ಲ ಎಂಬ ಅರ್ಥದ ಲ್ಯಾಟಿನ್ ಮಾತನ್ನೇ ತನ್ನ ಧ್ಯೇಯವಾಕ್ಯ ಮಾಡಿಕೊಂಡಿದೆ. ಅದೇ ಸಂಘ ಗ್ರಂಥಾಲಯವನ್ನೂ ವಸ್ತುಸಂಗ್ರಹಾಲಯವನ್ನೂ ಇಟ್ಟುಕೊಂಡಿದೆ. ಅಂದರೆ ಮುಚ್ಚಿಡುವುದು, ಉಳಿಸುವುದು ಎರಡೂ ಜೊತೆಗೆ ಆಗುವ ಕೆಲಸವೇ.

ದಾಖಲೆಯನ್ನು ಎರಡು ಪದರ ಮಾಡಿ. ಒಂದರ ಹೆಸರು "ಕಂಡದ್ದು". ಪ್ರೇಕ್ಷಕರಿಗೆ ಏನು ಕಂಡಿತು, ಕಲಾವಿದರು ಏನು ಹೇಳಿದರು, ಯಾವ ಸಂಗೀತ, ಎಷ್ಟು ನಿಮಿಷ ಎಂಬುದೆಲ್ಲ ಇದರಲ್ಲಿ. ಇದನ್ನು ಯಾರು ಬೇಕಾದರೂ ಓದಬಹುದು. ಇನ್ನೊಂದು "ಮಾಡಿದ್ದು". ತಂತ್ರ, ಅಳತೆ, ಒಳಗಿನ ರಚನೆ ಇದರಲ್ಲಿ. ಇದು ಬೇರೆ ಫೈಲು, ಬೇರೆ ಫೋಲ್ಡರ್, ಬೇರೆ ಪಾಸ್‌ವರ್ಡ್. ಎರಡನೆಯದನ್ನು ಯಾರು, ಯಾವಾಗಿನಿಂದ ನೋಡಬಹುದು ಎಂದು ಕಲಾವಿದರೇ ತೀರ್ಮಾನಿಸಲಿ. "ನಾನು ಹೋದ ಮೇಲೆ 25 ವರ್ಷ", "ಜಾದೂ ಕಲಿಯುವವರಿಗೆ ಮಾತ್ರ", "ನನ್ನ ಶಿಷ್ಯ ಒಪ್ಪಿದರೆ" ಎಂಬಂಥ ಷರತ್ತು ಏನೇ ಇದ್ದರೂ ಹಾಗೆಯೇ ಬರೆದು ಸಹಿ ಹಾಕಿಸಿ.

ಕಾನೂನು ನೋಡಿಕೊಳ್ಳುತ್ತದೆ ಎಂದು ಮಾತ್ರ ಬಿಡಬೇಡಿ. ಗರಗಸದ ಐಟಮ್ಮಿಗೆ ಹೊರೇಸ್ ಗೋಲ್ಡಿನ್ ಎಂಬ ಇನ್ನೊಬ್ಬ ಜಾದೂಗಾರರು 1923ರಲ್ಲಿ ಅಮೆರಿಕದಲ್ಲಿ ಪೇಟೆಂಟ್ ಪಡೆದರು. ಪೇಟೆಂಟ್ ಬೇಕೆಂದರೆ ತಂತ್ರವನ್ನು ಚಿತ್ರ ಸಮೇತ ಬರೆದುಕೊಡಬೇಕು, ಅದನ್ನು ಯಾರಾದರೂ ಓದಬಹುದು. 1930ರ ದಶಕದಲ್ಲಿ ಸಿಗರೇಟು ಕಂಪನಿಯೊಂದು ಜಾಹೀರಾತಿನಲ್ಲಿ ಆ ಗುಟ್ಟು ಬಿಟ್ಟುಕೊಟ್ಟಾಗ ಗೋಲ್ಡಿನ್ ಕೋರ್ಟಿಗೆ ಹೋದರು, ಸೋತರು. ಅಮೆರಿಕದ ಜಾದೂಗಾರ ಟೆಲ್ಲರ್ ಅವರ ದಾರಿ ಬೇರೆ. ಅವರು ತಮ್ಮ ನೆರಳು ಮತ್ತು ಗುಲಾಬಿಯ ಐಟಂ ಅನ್ನು 1983ರಲ್ಲಿ ಮೂಕಾಭಿನಯದ ಕೃತಿ ಎಂದು ನೋಂದಾಯಿಸಿದ್ದರು. ಅದನ್ನು ನಕಲು ಮಾಡಿದವರ ಮೇಲೆ ಅವರು ಹೂಡಿದ ಕೇಸಿನಲ್ಲಿ 2014ರಲ್ಲಿ ಅಮೆರಿಕದ ಕೋರ್ಟು ಅವರ ಪರ ತೀರ್ಪು ಕೊಟ್ಟಿತು. ಕೋರ್ಟು ಕಾಪಾಡಿದ್ದು ಆಡಿ ತೋರಿಸಿದ ರೀತಿಯನ್ನು. ಬರೀ ತಂತ್ರಕ್ಕೆ ಅಂಥ ರಕ್ಷಣೆ ಇಲ್ಲ. ಹಾಗಾಗಿ ಒಂದು ಐಟಂ ಹೇಗೆ ಕಾಣುತ್ತಿತ್ತು ಎಂದು ಹೆಜ್ಜೆ ಹೆಜ್ಜೆಯಾಗಿ, ತಾರೀಖಿನ ಸಮೇತ ಬರೆದಿಡುವುದು ಇತಿಹಾಸಕ್ಕೂ ಒಳ್ಳೆಯದು, ಕಲಾವಿದರ ಹಕ್ಕಿಗೂ ಒಳ್ಳೆಯದು.

ಹೆಜ್ಜೆ 4: ಟ್ರಂಕು ತೆರೆಯುವ ದಿನ

ಮೊದಲು ಅಪಾಯದ ಮಾತು. ಜಾದೂ ಸಾಮಾನಿನಲ್ಲಿ ಫ್ಲ್ಯಾಶ್ ಪೇಪರ್ ಇರುತ್ತದೆ. ನೋಡಲು ತೆಳುವಾದ ಮಾಮೂಲಿ ಕಾಗದ, ಇಲ್ಲವೇ ಹತ್ತಿ. ಅದು ನೈಟ್ರೋಸೆಲ್ಯುಲೋಸ್. ಕಿಡಿ ತಾಗಿದರೆ ಕಣ್ಣು ಮಿಟುಕಿಸುವಷ್ಟರಲ್ಲಿ ಭಗ್ ಎಂದು ಉರಿದುಹೋಗುತ್ತದೆ. ಹಳೆಯದಾದಷ್ಟೂ ನಂಬಿಕೆಗೆ ಅರ್ಹವಲ್ಲ. ಗುರುತಿಲ್ಲದ ಪುಡಿ, ಹಳೆಯ ಪಿಸ್ತೂಲು, ಮದ್ದು ಸಿಕ್ಕರೆ ಮುಟ್ಟಬೇಡಿ, ಅಗ್ನಿಶಾಮಕದವರನ್ನೋ ಪೊಲೀಸರನ್ನೋ ಕೇಳಿ. 1950ರ ದಶಕದ ಶುರುವಿನವರೆಗೆ ಬಂದ 35 ಎಂಎಂ ಫಿಲ್ಮ್ ಕೂಡ ನೈಟ್ರೇಟ್, ಅಂದರೆ ಅದೇ ನೈಟ್ರೋಸೆಲ್ಯುಲೋಸ್‌ನಿಂದ ಮಾಡಿದ್ದು, ಆಗಿರಬಹುದು. ಅದು ಹೊತ್ತಿಕೊಂಡರೆ ತನಗೆ ಬೇಕಾದ ಆಮ್ಲಜನಕವನ್ನು ತಾನೇ ಕೊಟ್ಟುಕೊಳ್ಳುತ್ತದೆ, ನೀರು ಹಾಕಿದರೂ ಆರುವುದಿಲ್ಲ. ಇಂಥದ್ದನ್ನು ಮನೆಯಲ್ಲಿಟ್ಟುಕೊಳ್ಳದೆ ಫಿಲ್ಮ್ ಸಂಗ್ರಹಾಲಯದವರನ್ನು ಸಂಪರ್ಕಿಸಿ.

ಇನ್ನು ಟ್ರಂಕು. ಮುಚ್ಚಳ ತೆಗೆದ ಕೂಡಲೇ ಏನನ್ನೂ ಎತ್ತಬೇಡಿ. ಮೇಲಿನಿಂದ ಒಂದು ಫೋಟೋ ತೆಗೆಯಿರಿ. ಒಂದು ಪದರ ಎತ್ತಿ, ಮತ್ತೆ ಫೋಟೋ. ಹೀಗೆ ತಳದವರೆಗೆ. ಜಾದೂಗಾರರು ಸಾಮಾನು ತುಂಬುವುದಕ್ಕೂ ಒಂದು ಲೆಕ್ಕ ಇರುತ್ತದೆ. ಮೊದಲು ಬೇಕಾದದ್ದು ಮೇಲೆ, ಕೊನೆಗೆ ಬೇಕಾದದ್ದು ಕೆಳಗೆ. ಅಂದರೆ ಟ್ರಂಕೇ ಆ ಶೋದ ಪಟ್ಟಿ. ಎಲ್ಲವನ್ನೂ ಒಟ್ಟಿಗೆ ನೆಲಕ್ಕೆ ಸುರಿದರೆ ಆ ಪಟ್ಟಿ ಹೋಯಿತು.

ಮತ್ತು ಒರೆಸಬೇಡಿ. ಇದನ್ನು ನಾನು ನೋವಿನಿಂದ ಹೇಳುತ್ತಿದ್ದೇನೆ. ಶುರುವಿನ ದಿನಗಳಲ್ಲಿ ಒಂದು ಮರದ ಪೆಟ್ಟಿಗೆಯ ಒಳಮುಚ್ಚಳದ ಮೇಲೆ ಸೀಮೆಸುಣ್ಣದ ಗೀರುಗಳಿದ್ದವು. ಕೊಳೆ ಎಂದುಕೊಂಡು ಒದ್ದೆ ಬಟ್ಟೆಯಲ್ಲಿ ಒರೆಸಿಬಿಟ್ಟೆ. ಆಮೇಲೆ ಆ ತಂಡದ ಅಸಿಸ್ಟೆಂಟ್ ಆಗಿದ್ದ ಹೆಂಗಸನ್ನು ಕಂಡಾಗ ಅವರು ಮೊದಲು ಕೇಳಿದ್ದೇ, "ನನ್ನ ಗೀರುಗಳು ಇನ್ನೂ ಇವೆಯಾ?" ಎಂದು. ಕತ್ತಲಲ್ಲಿ ಮೊಣಕೈ ಎಲ್ಲಿಡಬೇಕು, ತಲೆ ಎಲ್ಲಿಗೆ ಬರಬೇಕು ಎಂದು ಅವರೇ ಹಾಕಿಕೊಂಡಿದ್ದ ಗುರುತುಗಳವು. ನನ್ನ ಹತ್ತಿರ ಫೋಟೋ ಕೂಡ ಇರಲಿಲ್ಲ. ಗೀರು, ಮೇಣದ ಕಲೆ, ಬೆರಳು ತಾಗಿ ಸವೆದ ಬಣ್ಣ, ಒಳಗೆ ಅಂಟಿಸಿದ ಕಾಗದದ ಚೂರು ಎಲ್ಲವೂ ಬರಹವೇ. ಧೂಳಿದ್ದರೆ ಮೆತ್ತನೆಯ ಒಣ ಬ್ರಷ್ ಸಾಕು, ಅದೂ ಫೋಟೋ ತೆಗೆದ ಮೇಲೆ.

ವಸ್ತುವೇ ಬಾಯಿಬಿಟ್ಟು ಸತ್ಯ ಹೇಳಿದ ಉದಾಹರಣೆ ಒಂದಿದೆ. 1928ರಲ್ಲಿ ಫಿಲಡೆಲ್ಫಿಯಾದ ಫ್ರಾಂಕ್ಲಿನ್ ಇನ್‌ಸ್ಟಿಟ್ಯೂಟ್‌ಗೆ ಬೆಂಕಿಯಲ್ಲಿ ಕೆಟ್ಟಿದ್ದ ಒಂದು ಯಂತ್ರದ ಗೊಂಬೆ ಬಂತು. ಅದನ್ನು ಮೇಲ್ಜೆಲ್ ಎಂಬವರು ಮಾಡಿದ್ದು ಎಂದು ಕೊಟ್ಟ ಮನೆಯವರು ನಂಬಿದ್ದರು. ರಿಪೇರಿ ಮಾಡಿ ಕೀಲಿ ಕೊಟ್ಟರು. ಗೊಂಬೆ ಚಿತ್ರ ಬರೆಯಿತು, ಪದ್ಯ ಬರೆಯಿತು. ಕೊನೆಯ ಪದ್ಯದ ಅಂಚಿನಲ್ಲಿ ಫ್ರೆಂಚ್‌ನಲ್ಲಿ "ಮೆಯ್ಯಾರ್ದೆಯ ಗೊಂಬೆ ಬರೆದದ್ದು" ಎಂದು ಬರೆಯಿತು! ಮಾಡಿದವರ ಹೆಸರು ನೂರಕ್ಕೂ ಹೆಚ್ಚು ವರ್ಷ ಅದರ ಒಳಗೇ ಇತ್ತು. ರಿಪೇರಿ ಎಂದರೆ ಹೊಸದಾಗಿಸುವುದಲ್ಲ. ಇದ್ದದ್ದನ್ನು ಇದ್ದ ಹಾಗೇ ಕೆಲಸ ಮಾಡುವಂತೆ ಮಾಡುವುದು, ಅದೂ ತಿಳಿದವರ ಕೈಯಿಂದ.

ಪ್ರತಿ ವಸ್ತುವಿಗೂ ಒಂದು ನಂಬರ್ ಕೊಡಿ. ವಸ್ತುವಿನ ಮೇಲೆ ಬರೆಯದೆ, ಹತ್ತಿ ದಾರದಲ್ಲಿ ಚೀಟಿ ಕಟ್ಟಿ. ಅಳತೆ, ಯಾವುದರಿಂದ ಮಾಡಿದ್ದು, ಏನು ಮುರಿದಿದೆ ಎಂದು ಬರೆಯಿರಿ. ಚಲಿಸುವ ಭಾಗ ಇದ್ದರೆ ವಿಡಿಯೋ ಮಾಡಿ, ಆದರೆ ಒತ್ತಾಯದಿಂದ ತಿರುಗಿಸಬೇಡಿ. ಹಳೆಯ ರೇಷ್ಮೆಯನ್ನು ಮಡಚಬೇಡಿ. ಒಂದು ಕಾಲದಲ್ಲಿ ತೂಕ ಬರಲೆಂದು ರೇಷ್ಮೆಗೆ ಲೋಹದ ಲವಣ ಸೇರಿಸುತ್ತಿದ್ದರು, ಅಂಥ ಬಟ್ಟೆ ಮಡಿಕೆಯಲ್ಲೇ ಸೀಳುತ್ತದೆ. ಆಮ್ಲರಹಿತ ಕಾಗದ ಇಟ್ಟು ಸುರುಳಿ ಸುತ್ತಿ. ಸೆಲ್ಯುಲಾಯ್ಡ್ ಎಂಬ ಹಳೆಯ ಕಾಲದ ಪ್ಲಾಸ್ಟಿಕ್ಕಿನ ಚೆಂಡುಗಳನ್ನು ಬೇರೆ ಇಡಿ. ಅವು ಹಳತಾದಂತೆ ಆಮ್ಲದ ಆವಿ ಬಿಡುತ್ತವೆ, ಪಕ್ಕದ ಲೋಹಕ್ಕೆ ತುಕ್ಕು ಹಿಡಿಯುತ್ತದೆ.

ಹೆಜ್ಜೆ 5: ಕಾಗದ, ಫೋಟೋ, ಪೋಸ್ಟರ್

ಜಾದೂ ಪೋಸ್ಟರ್‌ಗಳದು ಒಂದು ದೊಡ್ಡ ಲೋಕ. ಹ್ಯಾರಿ ಕೆಲ್ಲರ್ ಕಿವಿಯಲ್ಲಿ ಪುಟ್ಟ ಕೆಂಪು ದೆವ್ವಗಳು ಪಿಸುಗುಡುವ ಚಿತ್ರ ಯಾರಿಗೆ ಮರೆಯುತ್ತದೆ! ಸಿನ್ಸಿನಾಟಿಯ ಸ್ಟ್ರೋಬ್ರಿಜ್, ಹ್ಯಾಂಬರ್ಗ್‌ನ ಫ್ರೀಡ್‌ಲೆಂಡರ್ ಮುದ್ರಣಾಲಯಗಳು ಕಲ್ಲಚ್ಚಿನಲ್ಲಿ ತೆಗೆದ ಪೋಸ್ಟರ್‌ಗಳನ್ನು ಇವತ್ತು ಸಂಗ್ರಹಕಾರರು ಹುಡುಕಿಕೊಂಡು ಹೋಗುತ್ತಾರೆ. ಆದರೆ ಇತಿಹಾಸಕ್ಕೆ ಜಾಸ್ತಿ ಉಪಯೋಗ ಬೀಳುವುದು ಬೆಲೆಯೇ ಇಲ್ಲದ ಚೀಟಿಗಳು. ಟಿಕೆಟ್, ಖರ್ಚಿನ ಪುಸ್ತಕ, ವಾದ್ಯದವರಿಗೆ ಬರೆದುಕೊಟ್ಟ ಪಟ್ಟಿ, ರೈಲು ರಸೀದಿ, ಲೆಟರ್‌ಹೆಡ್. ಪೋಸ್ಟರ್ ಹೇಳುವುದು ಕಲಾವಿದರು ಹೇಗೆ ಕಾಣಬಯಸಿದರು ಎಂದು. ಖರ್ಚಿನ ಪುಸ್ತಕ ಹೇಳುವುದು ಹೇಗೆ ಬದುಕಿದರು ಎಂದು.

ಮಾಡಬಾರದ್ದು ಮೂರು. ಸೆಲ್ಲೋಟೇಪ್ ಬೇಡ, ಲ್ಯಾಮಿನೇಶನ್ ಬೇಡ, ಪಿವಿಸಿ ಆಲ್ಬಮ್ ಬೇಡ. ಲ್ಯಾಮಿನೇಶನ್ ಮಾಡಿದ್ದನ್ನು ಹಿಂದಕ್ಕೆ ತರಲು ಬಹುತೇಕ ಆಗುವುದೇ ಇಲ್ಲ. ಕಾಗದವನ್ನು ಆಮ್ಲರಹಿತ ಫೋಲ್ಡರಿನಲ್ಲಿ, ಫೋಟೋವನ್ನು ಪಾಲಿಯೆಸ್ಟರ್ ಕವರಿನಲ್ಲಿ ಇಡಿ. ಫೋಟೋ ಹಿಂದೆ ಬರೆಯಲೇಬೇಕಾದರೆ ಮೆತ್ತನೆಯ ಪೆನ್ಸಿಲಿನಲ್ಲಿ, ಅಂಚಿನಲ್ಲಿ ಬರೆಯಿರಿ. ಕಾಗದ ಮುಟ್ಟುವಾಗ ತೊಳೆದು ಒಣಗಿಸಿದ ಬರಿಗೈ ಸಾಕು. ಫೋಟೋ, ನೆಗೆಟಿವ್‌ಗೆ ನೈಟ್ರೈಲ್ ಗ್ಲೌಸ್ ಹಾಕಿ. ಜಾಗ ತಂಪಾಗಿ, ಒಣಗಿ, ಕತ್ತಲಾಗಿರಲಿ. ಅಟ್ಟ, ನೆಲಮಾಳಿಗೆ ಎರಡೂ ಬೇಡ.

ಕತ್ತರಿಸಿ ಅಂಟಿಸಿದ ಪತ್ರಿಕೆ ಚೂರುಗಳ ಆಲ್ಬಮ್ ಸಿಕ್ಕರೆ ಬಿಚ್ಚಬೇಡಿ. ಯಾವುದರ ಪಕ್ಕ ಯಾವುದನ್ನು ಅಂಟಿಸಿದ್ದಾರೆ ಎನ್ನುವುದರಲ್ಲೂ ಮಾತಿದೆ. ಪುಟ ಪುಟವಾಗಿ ಫೋಟೋ ತೆಗೆಯಿರಿ. ಬಿಡಿ ಕಾಗದಕ್ಕೆ 400, ಫೋಟೋಗೆ 600 ಡಿಪಿಐ ಸ್ಕ್ಯಾನ್, ಟಿಫ್ (TIFF) ಫೈಲು. ಹಿಂಬದಿಯನ್ನೂ ಸ್ಕ್ಯಾನ್ ಮಾಡಿ.

ಹೆಜ್ಜೆ 6: ಟೇಪುಗಳನ್ನು ಮುಂದೂಡಬೇಡಿ

ವಿಎಚ್‌ಎಸ್, ಕ್ಯಾಸೆಟ್ ಯಾವುದಾದರೂ ಇದ್ದರೆ ಕಾಗದಕ್ಕಿಂತ ಮೊದಲೇ ಇದನ್ನು ಮಾಡಿಬಿಡಿ. ಟೇಪು ಹಾಳಾಗುವುದು ಒಂದು ಚಿಂತೆಯಾದರೆ, ಅದನ್ನು ಓಡಿಸುವ ಯಂತ್ರ ಸಿಗದಿರುವುದು ಅದಕ್ಕಿಂತ ದೊಡ್ಡದು. ಮೇಲೆ ಅಳಿಸಿ ಬರೆಯದಂತೆ ಕ್ಯಾಸೆಟ್ಟಿನ ಅಂಚಿನ ಪುಟ್ಟ ಪ್ಲಾಸ್ಟಿಕ್ ಚೂರನ್ನು ಮುರಿಯಿರಿ. ಬೂಸ್ಟು ಹಿಡಿದ ಟೇಪನ್ನು ಯಂತ್ರಕ್ಕೆ ಹಾಕಬೇಡಿ, ಯಂತ್ರವೂ ಕೆಡುತ್ತದೆ, ಟೇಪೂ ಹೋಗುತ್ತದೆ. ಫಿಲ್ಮ್ ಡಬ್ಬಿ ತೆರೆದಾಗ ವಿನೆಗರ್ ವಾಸನೆ ಬಂದರೆ ಫಿಲ್ಮಿನ ಅಸಿಟೇಟ್ ಪ್ಲಾಸ್ಟಿಕ್ ಕೊಳೆಯುತ್ತಿದೆ ಎಂದರ್ಥ. ಅದನ್ನು ಬೇರೆಯವುಗಳಿಂದ ದೂರ ಇಟ್ಟು ಮೊದಲು ಕಾಪಿ ಮಾಡಿಸಿ.

ಕಾಪಿ ಆದ ಮೇಲೆ ಕಲಾವಿದರನ್ನೋ ಅಸಿಸ್ಟೆಂಟನ್ನೋ ಪಕ್ಕದಲ್ಲಿ ಕೂರಿಸಿಕೊಂಡು ವಿಡಿಯೋ ನೋಡಿ, ಅವರು ಹೇಳುವುದನ್ನು ಇನ್ನೊಂದು ಕಡೆ ರೆಕಾರ್ಡ್ ಮಾಡಿ. ಕ್ಯಾಮೆರಾಗೆ ಕಾಣದ್ದನ್ನು ಅವರು ಹೇಳುತ್ತಾರೆ.

ಹೆಜ್ಜೆ 7: ಹೇಳಿದ್ದಕ್ಕೂ ಸಿಕ್ಕಿದ್ದಕ್ಕೂ ತಾಳೆ ಹಾಕಿ

ಜಾದೂಗಾರರ ಜೀವನಕಥೆಯೂ ಶೋದ ಒಂದು ಭಾಗವೇ. ಹೂಡಿನಿ ತಾನು ಅಮೆರಿಕದ ಆ್ಯಪಲ್ಟನ್‌ನಲ್ಲಿ 1874ರ ಏಪ್ರಿಲ್ 6ರಂದು ಹುಟ್ಟಿದೆ ಎನ್ನುತ್ತಿದ್ದರು. ದಾಖಲೆ ಹೇಳುವುದು ಬುಡಾಪೆಸ್ಟ್, ಮಾರ್ಚ್ 24. ಚುಂಗ್ ಲಿಂಗ್ ಸೂ ಚೀನಾದವರೆಂದು ಲಂಡನ್ ಪ್ರೇಕ್ಷಕರು ನಂಬಿದ್ದರು. ಅವರು ಸ್ಟೇಜಿನ ಮೇಲೆ ಇಂಗ್ಲಿಷ್ ಆಡುತ್ತಲೇ ಇರಲಿಲ್ಲ. 1918ರ ಮಾರ್ಚ್ 23ರ ರಾತ್ರಿ ವುಡ್ ಗ್ರೀನ್ ಎಂಪೈರ್‌ನಲ್ಲಿ ಗುಂಡು ಹಿಡಿಯುವ ಐಟಂ ಕೈಕೊಟ್ಟು ಗುಂಡು ಎದೆಗೆ ಬಿತ್ತು. ಆಗ ಇಂಗ್ಲಿಷಿನಲ್ಲಿ ಪರದೆ ಇಳಿಸಲು ಹೇಳಿದರು. ಮರುದಿನ ತೀರಿಕೊಂಡರು. ಅವರು ವಿಲಿಯಂ ರಾಬಿನ್ಸನ್ ಎಂಬ ಅಮೆರಿಕದವರು.

ಪತ್ರಿಕೆ ಎಂದ ಮಾತ್ರಕ್ಕೆ ನಂಬುವ ಹಾಗೂ ಇಲ್ಲ. ಹಗ್ಗ ಆಕಾಶಕ್ಕೆ ನೆಟ್ಟಗೆ ನಿಂತು, ಹುಡುಗ ಹತ್ತಿ ಮಾಯವಾಗುವ "ಭಾರತದ ಹಗ್ಗದ ಜಾದೂ" ಜಗತ್ತಿಗೆಲ್ಲ ಹಬ್ಬಿದ್ದು 1890ರಲ್ಲಿ ಶಿಕಾಗೋ ಟ್ರಿಬ್ಯೂನ್ ಪತ್ರಿಕೆಯಲ್ಲಿ ಬಂದ ಕಣ್ಣಾರೆ ಕಂಡಂಥ ವರದಿಯಿಂದ. ಕೆಲವೇ ತಿಂಗಳಲ್ಲಿ ಅದು ಕಟ್ಟುಕಥೆ ಎಂದು ಪತ್ರಿಕೆಯೇ ಒಪ್ಪಿಕೊಂಡಿತು. ಆ ತಪ್ಪೊಪ್ಪಿಗೆಯನ್ನು ಓದಿದವರು ಕಡಿಮೆ, ಕಥೆ ಮಾತ್ರ ಇವತ್ತಿಗೂ ಓಡಾಡುತ್ತಿದೆ.

ಹಾಗಾಗಿ ಪ್ರತಿ ಘಟನೆಗೂ ಎರಡು ಕಾಲಂ ಮಾಡಿ. ಒಂದರಲ್ಲಿ ಅವರು ಹೇಳಿದ್ದು, ಇನ್ನೊಂದರಲ್ಲಿ ಕಾಗದದಲ್ಲಿ ಸಿಕ್ಕಿದ್ದು. ಹೊಂದದಿದ್ದರೆ ಯಾವುದನ್ನೂ ಅಳಿಸಬೇಡಿ. ಕಲಾವಿದರು ಕಟ್ಟಿಕೊಂಡ ಕಥೆಯೂ ಅವರ ಕೃತಿಯೇ, ಅದು ಕಥೆ ಎಂದು ಗುರುತು ಹಾಕಿದರೆ ಸಾಕು. ತಾರೀಖು ಬೇಕಾದರೆ ಹಳೆಯ ಪತ್ರಿಕೆಗಳ ಜಾಹೀರಾತು ನೋಡಿ. ವರದಿಗಾರರು ಹೊಗಳಬಹುದು, ಜಾಹೀರಾತಿನ ತಾರೀಖು ಮಾತ್ರ ಸಾಮಾನ್ಯವಾಗಿ ಸರಿ ಇರುತ್ತದೆ. 1902ರಿಂದ 1953ರವರೆಗೆ ಬಂದ ಸ್ಫಿಂಕ್ಸ್‌ನಂಥ ಜಾದೂ ಪತ್ರಿಕೆಗಳಲ್ಲಿ ಎಲ್ಲೂ ಸಿಗದ ಸಣ್ಣ ಕಲಾವಿದರ ಸುದ್ದಿ ಸಿಗುತ್ತದೆ. ಹುಡುಕುವಾಗ ಸ್ಟೇಜಿನ ಹೆಸರು, ಹುಟ್ಟುಹೆಸರು, ತಪ್ಪು ಕಾಗುಣಿತ ಎಲ್ಲದರಲ್ಲೂ ಹುಡುಕಿ.

ಹೆಜ್ಜೆ 8: ಫೈಲುಗಳು

ಇದು ಬೇಗ ಮುಗಿಯುವ ಮಾತು. ಮೂರು ಪ್ರತಿ ಇರಲಿ, ಎರಡು ಬಗೆಯ ಸಾಧನದಲ್ಲಿ, ಒಂದು ಬೇರೆ ಊರಿನಲ್ಲಿ. ಫೈಲಿನ ಹೆಸರಿನಲ್ಲೇ ವರ್ಷ, ಕಲಾವಿದರ ಹೆಸರು, ವಸ್ತುವಿನ ನಂಬರ್ ಬರಲಿ. ಪಟ್ಟಿಯನ್ನು ಮಾಮೂಲಿ ಸ್ಪ್ರೆಡ್‌ಶೀಟಿನಲ್ಲಿ ಮಾಡಿ, ಒಂದು ಪ್ರಿಂಟ್ ತೆಗೆದು ಪೆಟ್ಟಿಗೆಯೊಳಗಿಡಿ. ವರ್ಷಕ್ಕೊಮ್ಮೆ ಎಲ್ಲವನ್ನೂ ತೆರೆದು ನೋಡಿ. "ಮಾಡಿದ್ದು" ಫೋಲ್ಡರನ್ನು ಎಲ್ಲರಿಗೂ ಕಾಣುವ ಕ್ಲೌಡಿಗೆ ಅಪ್ಪಿತಪ್ಪಿಯೂ ಹಾಕಬೇಡಿ.

ಹೆಜ್ಜೆ 9: ಯಾರ ಕೈಗೆ ಒಪ್ಪಿಸುವುದು

ನಿಮ್ಮ ಮನೆಯೂ ಒಂದು ದಿನ ಖಾಲಿಯಾಗುತ್ತದೆ. ಆ ದಿನಕ್ಕೆ ಈಗಲೇ ವ್ಯವಸ್ಥೆ ಮಾಡಿ. ಹೂಡಿನಿ ತಮ್ಮ ಪುಸ್ತಕಗಳನ್ನು ಅಮೆರಿಕದ ಲೈಬ್ರರಿ ಆಫ್ ಕಾಂಗ್ರೆಸ್‌ಗೆ ಉಯಿಲು ಬರೆದಿದ್ದರು. 1926ರ ಅಕ್ಟೋಬರ್ 31ರಂದು ಅವರು ತೀರಿಕೊಂಡ ಮೇಲೆ, 1927ರಲ್ಲಿ ಸುಮಾರು 4,000 ಪುಸ್ತಕ ಅಲ್ಲಿಗೆ ಸೇರಿದವು. ಇವತ್ತಿಗೂ ಓದಲು ಸಿಗುತ್ತವೆ. ರಾಬರ್ಟ್ ಲುಂಡ್ ಮತ್ತು ಎಲೇನ್ ಲುಂಡ್ ದಂಪತಿ 1978ರಲ್ಲಿ ಮಿಶಿಗನ್‌ನ ಮಾರ್ಷಲ್ ಎಂಬ ಸಣ್ಣ ಊರಿನಲ್ಲಿ ಜಾದೂ ಮ್ಯೂಸಿಯಂ ತೆರೆದರು. ಜಾದೂಗಾರ ಜಾನ್ ಮುಲ್‌ಹಾಲಂಡ್‌ರ ದೊಡ್ಡ ಸಂಗ್ರಹ ಮಾತ್ರ ಅವರ ನಂತರ ಕೈಯಿಂದ ಕೈಗೆ ಹೋಯಿತು. 1991ರಲ್ಲಿ ಇನ್ನೊಬ್ಬ ಜಾದೂಗಾರ ಡೇವಿಡ್ ಕಾಪರ್‌ಫೀಲ್ಡ್ ಕೊಂಡುಕೊಂಡಿದ್ದರಿಂದ ಚೂರುಚೂರಾಗದೆ ಉಳಿಯಿತು.

ಗ್ರಂಥಾಲಯ, ಮ್ಯೂಸಿಯಂ, ಜಾದೂ ಸಂಘ ಯಾವುದೇ ಇರಲಿ, ಕೊಡುವ ಮೊದಲು ಕೇಳಿ. ಸಂಗ್ರಹವನ್ನು ಒಟ್ಟಿಗೇ ಇಡುತ್ತೀರಾ? ಬೇಡವಾದದ್ದನ್ನು ಮಾರುತ್ತೀರಾ, ಹಿಂದಿರುಗಿಸುತ್ತೀರಾ? ಗುಟ್ಟಿನ ಷರತ್ತು ಪಾಲಿಸುತ್ತೀರಾ? ಸಾಮಾನ್ಯ ಜನ ಬಂದು ನೋಡಬಹುದಾ? ಉತ್ತರಗಳನ್ನು ದಾನಪತ್ರದಲ್ಲಿ ಬರೆಸಿ. ಮನೆಯವರಿಗೆ ಒಂದು ಪೂರ್ತಿ ಪ್ರತಿ ಕೊಡಲು ಮರೆಯಬೇಡಿ.

ಒಪ್ಪಿಸುವ ಮೊದಲು ಕೊನೆಯ ಸಲ ಕಲಾವಿದರ ಹತ್ತಿರ ಹೋಗಿ, ಬರೆದದ್ದನ್ನು ಓದಿ ಹೇಳಿ. ಬಳೆಯ ಹಿರಿಯರಿಗೆ ನಾನು ಹಾಗೆಯೇ ಓದಿದೆ. "ಮೂರನೇ ಬಳೆಯ ಹೊತ್ತಿಗೆ ಎಡಕ್ಕೆ, ಡ್ರಮ್ಮಿನವನ ಕಡೆ ನೋಡುತ್ತಾರೆ" ಎಂಬಲ್ಲಿ ಕೈ ಎತ್ತಿ ನಿಲ್ಲಿಸಿದರು. "ಯಾರ ಎಡ?" ಎಂದು ಕೇಳಿದರು. ನಾನು ಎದುರಿಗೆ ಕೂತು ನೋಡಿದ್ದೆ, ನನ್ನ ಎಡವನ್ನೇ ಬರೆದಿದ್ದೆ. "ಸಭೆಯ ಎಡ ಅಂದ್ರೆ ನನ್ನ ಬಲ. ನನ್ನ ಎಡಕ್ಕೆ ತಿರುಗಿದ್ರೆ ಇಡೀ ಸಭೆಗೆ ನನ್ನ ಬಲಗೈ ಕಾಣುತ್ತೆ, ಐಟಂ ಅಲ್ಲಿಗೇ ಮುಗೀತು" ಎಂದರು. ಪೆನ್ಸಿಲ್ ತೆಗೆದುಕೊಂಡು ಅವರೇ ತಿದ್ದಿದರು. ಆ ಹಾಳೆಯನ್ನು ಬೇರೆ ಬರೆಯದೆ, ಅವರ ಪೆನ್ಸಿಲ್ ಗುರುತಿನ ಸಮೇತ ಪೆಟ್ಟಿಗೆಗೆ ಹಾಕಿದ್ದೇನೆ.